ಮೇಷ್ಟ್ರ ಮೆಟ್ಟಿಲು, ನಮ್ಮತ್ತೆಯ ಮಂಡಿ

ಮೊದಲೇ ಕ್ಷಮೆ ಕೇಳಿಕೊಂಡುಬಿಡುತ್ತೇನೆ. ನನಗೆ ಕಥೆ ಹೇಳಲು ಬರುವುದಿಲ್ಲ. ನಗುವ ಜಾಗ ಬರುವ ಮೊದಲೇ ನಾನೊಬ್ಬನೇ ನಕ್ಕುಬಿಡುತ್ತೇನೆ. ಇಲ್ಲವೇ ಎಲ್ಲರೂ ನಕ್ಕು ಸುಮ್ಮನಾದ ಮೇಲೂ ಯಾಕೆ ನಗಬೇಕಿತ್ತು ಎಂದು ವಿವರಿಸುತ್ತಾ ಕೂರುತ್ತೇನೆ. ಮ್ಯಾಂಚೆಸ್ಟರಿನ ಒಂದು ಕಂಪನಿಯಲ್ಲಿ ಸಾಫ್ಟ್‌ವೇರ್ ಟೆಸ್ಟರ್ ಆಗಿದ್ದೇನೆ. ಅಂದರೆ ಬೇರೆಯವರು ಮಾಡಿದ ತಪ್ಪನ್ನು ಅವರಿಗೇ ಅರ್ಥವಾಗುವಂತೆ ಬಿಡಿಸಿ ಬಿಡಿಸಿ ಬರೆಯುವ ಕೆಲಸ. ಆ ಚಟ ಇಲ್ಲಿಗೂ ಬಂದರೆ ದಯವಿಟ್ಟು ಸಹಿಸಿಕೊಳ್ಳಿ. ಕನ್ನಡದಲ್ಲಿ ಅರ್ಜಿ ಬಿಟ್ಟು ಬೇರೇನನ್ನಾದರೂ ಬರೆಯುತ್ತಿರುವುದು ಇದೇ ಮೊದಲು.

ಆದರೂ ಬರೆಯಲೇಬೇಕು ಅನ್ನಿಸಿತು. ಯಾಕೆಂದರೆ ಹಳೆಯ ಫ್ರೆಂಚ್ ಸಿನಿಮಾಗಳಿಗೆ ಸಂಗೀತ ಬರೆದವರೊಬ್ಬರು ಪಕ್ಕದ ಮನೆಯಲ್ಲಿದ್ದರೆ ಇಂಥವು ಆಗುತ್ತಲೇ ಇರುತ್ತವೆ. ಬೇಡ ಅಂದರೂ ನಿಲ್ಲುವುದಿಲ್ಲ.

೧. ಮೂರನೇ ಕೂಗು

ನಮ್ಮದು ಸ್ಟಾಕ್‌ಪೋರ್ಟಿನಲ್ಲಿ ಸೆಮಿ ಡಿಟ್ಯಾಚ್ಡ್ ಮನೆ. ಗೊತ್ತಿಲ್ಲದವರಿಗೆ ಹೇಳುವುದಾದರೆ, ಎರಡು ಮನೆಗಳು ಒಂದೇ ಗೋಡೆ ಹಂಚಿಕೊಂಡು ಭುಜಕ್ಕೆ ಭುಜ ತಾಗಿಸಿ ನಿಂತಿರುತ್ತವೆ. ಕೌನ್ಸಿಲ್ ಟ್ಯಾಕ್ಸ್ ಬೇರೆ ಬೇರೆ, ಸದ್ದು ಮಾತ್ರ ಒಂದೇ.

ನನ್ನ ಹೆಂಡತಿ ಬೆಳಿಗ್ಗೆ ಅನ್ನ, ಬೇಳೆ ಒಟ್ಟಿಗೇ ಕುಕ್ಕರಿಗೆ ಇಡುತ್ತಾಳೆ. ಮೂರು ಕೂಗು. ನಾವು ಆ ಮನೆಗೆ ಬಂದ ಹೊಸದರಲ್ಲಿ ಒಂದು ಶನಿವಾರ ಎರಡಕ್ಕೇ ಆರಿಸಿದಳು. ಯಾಕೆಂದರೆ ಅಂದು ಇಟ್ಟಿದ್ದು ಬರೀ ಆಲೂಗಡ್ಡೆ. ಮೂರು ಕೂಗಿದರೆ ಕರಗಿಹೋಗುತ್ತದೆ. ಸ್ವಲ್ಪ ಹೊತ್ತಿಗೆ ಬಾಗಿಲ ಬೆಲ್ ಆಯಿತು. ತೆಗೆದರೆ ಕೋಲೂರಿಕೊಂಡ ತೊಂಬತ್ತು ದಾಟಿದ ಅಜ್ಜ. ಹಿಂದೆ ಅವರ ಮಗಳು, ಮುಖದ ತುಂಬ ಸಂಕೋಚ.

ಹೊಸ ಬಡಾವಣೆ, ಬಂದ ವಾರದಲ್ಲೇ ಸದ್ದಿನ ದೂರು! "ಸಾರಿ ಸರ್, ಅದು ನಮ್ಮ ಕುಕ್ಕರ್. ಇನ್ನುಮೇಲೆ ಕಿಟಕಿ..." ಎಂದು ಶುರುಮಾಡಿದೆ.

"ಮೂರನೆಯದು ಎಲ್ಲಿ?" ಎಂದರು ಅಜ್ಜ.

"ಯಾವ ಮೂರನೆಯದು?"

"ದಿನಾ ಮೂರು ಇರುತ್ತಿತ್ತು, ಮಸ್ಯೂ. ಇವತ್ತು ಎರಡೇ. ಮೂರನೆಯದು ಬರಲಿ, ಆಮೇಲೆ ಕುಡಿಯೋಣ ಅಂತ ಕಪ್ಪು ಹಿಡಿದು ಕೂತಿದ್ದೆ. ಕಾಫಿ ಆರಿಹೋಯಿತು." ಮಸ್ಯೂ ಅಂದರೆ ಫ್ರೆಂಚಿನಲ್ಲಿ ಸರ್.

ಮಗಳು ಮೆಲ್ಲಗೆ ಹೇಳಿದರು: "ಅಪ್ಪ ಸಿನಿಮಾಗೆ ಸಂಗೀತ ಬರೀತಿದ್ದರು. ಅರ್ಧಕ್ಕೆ ನಿಂತರೆ ಅವರಿಗೆ ತಡಿಯೋಕಾಗಲ್ಲ."

ನನ್ನ ಹೆಂಡತಿ ಒಳಗೆ ಹೋಗಿ ಕುಕ್ಕರಿಗೆ ಬರೀ ನೀರು ಹಾಕಿ ಒಲೆ ಹಚ್ಚಿದಳು. ನಾವು ಮೂವರು ಬಾಗಿಲಲ್ಲೇ ನಿಂತು ಕಾದೆವು. ಕೂಗಿತು. ಅಜ್ಜ ಕಣ್ಣು ಮುಚ್ಚಿ ಪೂರ್ತಿ ಕೇಳಿ ತಲೆದೂಗಿದರು.

"ಮೆರ್ಸಿ, ಮದಾಮ್. ಸ್ವಲ್ಪ ಜೋರಾಯಿತು. ಆದರೆ ಭಾವ ಸರಿಯಾಗಿತ್ತು."

ಅಂದಿನಿಂದ ಅವರನ್ನು ನಾನು ಮೇಷ್ಟ್ರು ಎಂದೇ ಕರೆಯುತ್ತೇನೆ. ಅಂದಿನಿಂದ ನಮ್ಮ ಮನೆಯಲ್ಲಿ ಆಲೂಗಡ್ಡೆ ಕರಗಿದ್ದೇ.

೨. ಅಳದವನ ಅಳು

ಮೇಷ್ಟ್ರ ಕೆಲಸ ಏನೆಂದು ಇಲ್ಲಿ ಹೇಳಿಬಿಡುವುದು ಒಳ್ಳೆಯದು. ಹೇಳದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ.

ಆ ಕಾಲದಲ್ಲಿ ಸಿನಿಮಾ ಚಿತ್ರೀಕರಣವೆಲ್ಲ ಮುಗಿದು, ಕತ್ತರಿಸಿ ಜೋಡಿಸಿದ್ದೂ ಆದ ಮೇಲೆ ಇವರನ್ನು ಕರೆಯುತ್ತಿದ್ದರಂತೆ. ಕತ್ತಲ ಕೋಣೆಯಲ್ಲಿ ಸ್ಟಾಪ್‌ವಾಚ್ ಹಿಡಿದು ಕೂತು, ನಾಯಕ ಬಾಗಿಲಿನಿಂದ ಕಿಟಕಿಗೆ ಹೋಗಲು ಎಷ್ಟು ಸೆಕೆಂಡು, ಅಲ್ಲಿ ನಿಂತು ನಿಟ್ಟುಸಿರು ಬಿಡಲು ಎಷ್ಟು ಎಂದು ಅಳೆದುಕೊಳ್ಳಬೇಕು. ಆಮೇಲೆ ಅಷ್ಟೇ ಉದ್ದದ ಸಂಗೀತ ಬರೆಯಬೇಕು. ಒಂದು ಚೂರು ಉದ್ದವಾದರೂ ನಾಯಕ ಹೊರಟುಹೋಗಿರುತ್ತಾನೆ, ಪಿಟೀಲು ಖಾಲಿ ಕೋಣೆಯಲ್ಲಿ ಒಂದೇ ಅಳುತ್ತಿರುತ್ತದೆ. "ದರ್ಜಿ ಕೆಲಸವೇ. ಅಂಗಿ ಹಾಕಿಕೊಳ್ಳುವವನು ಮಾತ್ರ ಓಡುತ್ತಿರುತ್ತಾನೆ" ಎಂದರು ಮೇಷ್ಟ್ರು.

ಒಂದು ಚಿತ್ರದಲ್ಲಿ ನಾಯಕನಟನಿಗೆ ಅಳು ಬರಲೇ ಇಲ್ಲವಂತೆ. ತಾಯಿ ತೀರಿಹೋದ ಸುದ್ದಿ ಕೇಳುವ ದೃಶ್ಯ. ಮುಖ ಮಾತ್ರ ಸ್ಟ್ಯಾಂಡಿನಲ್ಲಿ ನಿಲ್ಲಿಸಿದ ಬಸ್ಸಿನ ಹಾಗೆ. ಕಣ್ಣಿನ ಮುಂದೆ ಈರುಳ್ಳಿಯನ್ನೂ ಹೆಚ್ಚಿ ನೋಡಿದರಂತೆ. ಉಪಯೋಗವಾಗಲಿಲ್ಲ. ನಿರ್ದೇಶಕ ಕೊನೆಗೆ ಮೇಷ್ಟ್ರ ಹೆಗಲ ಮೇಲೆ ಕೈಯಿಟ್ಟು, "ಅವನಿಂದ ಆಗಲ್ಲ. ಅವನ ಬದಲು ನೀನೇ ಅತ್ತುಬಿಡು" ಎಂದನಂತೆ. ಮೇಷ್ಟ್ರು ಒಂದೇ ಒಂದು ಚೆಲ್ಲೋ ಇಟ್ಟು ಬರೆದರು. ಚೆಲ್ಲೋ ಅಂದರೆ ಪಿಟೀಲಿನ ದೊಡ್ಡಣ್ಣ, ನೆಲದ ಮೇಲಿಟ್ಟು ನುಡಿಸುವುದು. ಚಿತ್ರಮಂದಿರದಲ್ಲಿ ಜನ ಕರ್ಚೀಫು ಹಿಂಡಿಕೊಂಡು ಹೊರಗೆ ಬಂದರಂತೆ.

ಆಮೇಲೊಂದು ಪಾರ್ಟಿಯಲ್ಲಿ ಆ ನಟ ಇವರನ್ನು ಅಪ್ಪಿಕೊಂಡು ಹೇಳಿದ: "ಸಂಗೀತ ಚೆನ್ನಾಗಿದೆ ಗೆಳೆಯಾ. ಆದರೆ ನಾನು ಬಿಕ್ಕಿಬಿಕ್ಕಿ ಅಳುವ ಕಡೆ ನೀನು ಸ್ವಲ್ಪ ಜೋರು ಮಾಡಿಬಿಟ್ಟೆ. ನನ್ನ ಅಳು ಯಾರಿಗೂ ಕೇಳಿಸಲಿಲ್ಲ."

"ನೀವೇನು ಹೇಳಿದಿರಿ ಮೇಷ್ಟ್ರೇ?" ಎಂದು ಕೇಳಿದೆ. ನಾನಾಗಿದ್ದರೆ ಜಗಳವಾಗುತ್ತಿತ್ತು.

"ಕ್ಷಮಿಸು ಅಂದೆ. ಅವನು ಅತ್ತಿದ್ದು ಅವನಿಗೇ ನೆನಪಿದೆ ಅಂದರೆ, ನನ್ನ ಕೆಲಸ ಅಷ್ಟು ಚೆನ್ನಾಗಿ ಆಗಿದೆ ಅಂತ ತಾನೇ?"

೩. ಬಾಗಿಲಿಗೆ ಒತ್ತು

ಮೇಷ್ಟ್ರ ಅಡುಗೆಮನೆ ಬಾಗಿಲು ಗಾಳಿಗೆ ಬಡಿದುಕೊಳ್ಳದಂತೆ ಒಂದು ಕಂಚಿನ ಬೊಂಬೆ ಒತ್ತಿಗಿಟ್ಟಿದ್ದಾರೆ. ಎಡವಿ ಕಾಲ್ಬೆರಳು ಜಜ್ಜಿಕೊಂಡ ಮೇಲೆ ಬಗ್ಗಿ ನೋಡಿದೆ. ಸಂಗೀತಕ್ಕೆ ಬಂದ ಪ್ರಶಸ್ತಿ!

ನಡೆದದ್ದು ಹೀಗೆ. ಆಗೆಲ್ಲ ಪರದೆಯ ಮೇಲೆ ಚಿತ್ರ ಓಡಿಸುತ್ತಾ, ಅದನ್ನು ನೋಡಿಕೊಂಡೇ ವಾದ್ಯದವರು ನುಡಿಸಿ ಧ್ವನಿಮುದ್ರಣ ಮಾಡುತ್ತಿದ್ದರು. ಅಂದು ಮದುವೆ ದೃಶ್ಯಕ್ಕೆ ಸಂಗೀತ. ಪ್ರೊಜೆಕ್ಟರ್ ನಡೆಸುವವನು ಮಧ್ಯಾಹ್ನದ ಊಟದ ಗಡಿಬಿಡಿಯಲ್ಲಿ ಶವಯಾತ್ರೆಯ ರೀಲು ಏರಿಸಿಬಿಟ್ಟ. ಮೇಷ್ಟ್ರು ಕೈ ಎತ್ತಿಯಾಗಿತ್ತು, ತುತ್ತೂರಿಗಳು ಶುರುವಾಗಿದ್ದವು. ಹೆಣದ ಪೆಟ್ಟಿಗೆ ಕುಣಿಯುತ್ತಾ ಹೋದಂತೆ ಕಂಡಿತು. ವಾದ್ಯದವರು ನಗು ತಡೆಯಲಾರದೆ ಊದುತ್ತಿದ್ದಾರೆ. ನಿರ್ದೇಶಕ ಮಾತ್ರ ಕುರ್ಚಿಯಿಂದೆದ್ದು, "ಮುಟ್ಟಬೇಡಿ! ಇದೇ ಇರಲಿ!" ಎಂದು ಕೂಗಿದ.

ಸಿನಿಮಾ ಬಂದಾಗ, ಸಾವನ್ನು ಹೀಗೆ ಹಬ್ಬವಾಗಿ ನೋಡುವ ಧೈರ್ಯ ಯಾರಿಗಿತ್ತು ಎಂದು ಪತ್ರಿಕೆಗಳೆಲ್ಲ ಹೊಗಳಿದವು. ಪ್ರಶಸ್ತಿಯೂ ಬಂತು. ಮೇಷ್ಟ್ರು ವೇದಿಕೆ ಹತ್ತಿ, "ಇದು ಪ್ರೊಜೆಕ್ಟರಿನವನಿಗೆ ಸೇರಬೇಕು" ಎಂದರೆ ಜನ ಎಂಥ ವಿನಯ ಎಂದು ಇನ್ನಷ್ಟು ಚಪ್ಪಾಳೆ ತಟ್ಟಿದರಂತೆ. ಯಾರೂ ನಂಬದ ಕಾರಣ ಮೇಷ್ಟ್ರು ತಾವೇ ಒಂದು ವ್ಯವಸ್ಥೆ ಮಾಡಿಕೊಂಡರು. ಪ್ರತಿವರ್ಷ ಆ ಮನುಷ್ಯನಿಗೆ ಚಕ್ರದಂಥ ಒಂದು ಇಡೀ ಚೀಸ್ ಪಾರ್ಸೆಲ್. ಅವನು ತೀರಿಕೊಂಡ ಮೇಲೆ ಅವನ ಮಗನಿಗೆ. ಈಗ ಮೊಮ್ಮಗಳಿಗೆ. ಕಳೆದ ಸಲ ಪೋಸ್ಟ್ ಆಫೀಸಿಗೆ ಒಯ್ದವನು ನಾನೇ. ಆ ಮೊಮ್ಮಗಳು ವೀಗನ್. ಅಂದರೆ ಹಾಲು, ಮೊಸರು, ಚೀಸ್ ಯಾವುದನ್ನೂ ಮುಟ್ಟುವುದಿಲ್ಲ.

"ಹಾಗಾದರೆ ಯಾಕೆ ಕಳಿಸೋದು ಮೇಷ್ಟ್ರೇ?"

"ಪ್ರಶಸ್ತಿ ಅಂದರೆ ಪ್ರಶಸ್ತಿ, ಮಸ್ಯೂ. ನನಗೇನು ಈ ಬೊಂಬೆ ಇಷ್ಟವೇ?"

೪. ಒಂದು ಸ್ವರದ ಅಪ್ಪ

ಇದು ನಗುವುದಕ್ಕಿಂತ ಸ್ವಲ್ಪ ಬೇರೆ. ಆದರೆ ಇದನ್ನು ಹೇಳದೆ ನಮ್ಮತ್ತೆಯ ವಿಷಯಕ್ಕೆ ಹೋಗಲಾಗುವುದಿಲ್ಲ.

ಮೇಷ್ಟ್ರು ಬರೆದ ನೂರಾರು ತುಣುಕುಗಳಲ್ಲಿ ಅವರಿಗೆ ಮನಸ್ಸಿಗೆ ಹತ್ತಿದ್ದು ಒಂದೇ ಒಂದು. ಯುದ್ಧದಿಂದ ಗಂಡ ಹಿಂತಿರುಗಿದ್ದಾನೆ, ಮಹಡಿಯ ಕೋಣೆಯಲ್ಲಿದ್ದಾನೆ. ಹೆಂಡತಿಗೆ ಕೆಳಗೆ ಸುದ್ದಿ ತಿಳಿಯುತ್ತದೆ. ಅವಳು ಮೆಟ್ಟಿಲು ಹತ್ತುತ್ತಾಳೆ. ಅಷ್ಟೇ ದೃಶ್ಯ. ಅವಳ ಒಂದೊಂದು ಹೆಜ್ಜೆಗೂ ಒಂದೊಂದು ಯೋಚನೆ ಇರಬೇಕು ಎಂದು ಮೇಷ್ಟ್ರು ಕೂತು ಬರೆದರು. ಬರೆದು ಮುಗಿಸಿ ನೋಡಿದರೆ, ನಿರ್ದೇಶಕ ಮೆಟ್ಟಿಲನ್ನೇ ಕತ್ತರಿಸಿಬಿಟ್ಟಿದ್ದಾನೆ! ಅವಳು ಕೆಳಗೆ ನಿಂತಿದ್ದಾಳೆ, ಮರುಕ್ಷಣ ಮೇಲಿನ ಬಾಗಿಲು ತೆಗೆಯುತ್ತಿದ್ದಾಳೆ. "ಮೆಟ್ಟಿಲು ಹೇಗಿರುತ್ತೆ ಅಂತ ಜನಕ್ಕೆ ಗೊತ್ತು" ಎಂದನಂತೆ. ಇಡೀ ಸಂಗೀತದಲ್ಲಿ ಬಾಗಿಲು ತೆರೆಯುವಾಗಿನ ಕಟ್ಟಕಡೆಯ ಸ್ವರ ಮಾತ್ರ ಉಳಿಯಿತು. ಟಂಯ್! ಮುಗಿಯಿತು.

ಸಿನಿಮಾ ಹೆಸರು ಮಾಡಿತು. ಟಿವಿಯಲ್ಲಿ ಬಂದಾಗಲೆಲ್ಲ ಮನೆಮಂದಿಯೆಲ್ಲ ಉಸಿರು ಬಿಗಿಹಿಡಿದು ಕೂರುತ್ತಿದ್ದರು. ಆ ಜಾಗ ಬಂದಾಗ ಮೇಷ್ಟ್ರು ಬೆರಳೆತ್ತುತ್ತಿದ್ದರು. ಟಂಯ್. ಮತ್ತೆ ಎಲ್ಲರೂ ಊಟಕ್ಕೆ ಏಳುತ್ತಿದ್ದರು. ಮಗಳನ್ನು ಶಾಲೆಗೆ ಸೇರಿಸಿದಾಗ ಟೀಚರು ಅಪ್ಪ ಏನು ಮಾಡುತ್ತಾರೆ ಎಂದು ಕೇಳಿದರಂತೆ. ಮಗು ಹೆಮ್ಮೆಯಿಂದ ಹೇಳಿತು: "ನಮ್ಮಪ್ಪ ಒಂದು ಸ್ವರ ಬರೆದಿದ್ದಾರೆ!"

ಈ ಕಥೆಯನ್ನು ಅವರು ನಗುತ್ತಲೇ ಹೇಳುತ್ತಾರೆ. ಕೊನೆಗೆ ಮಾತ್ರ ಕೈಬೆರಳು ನೋಡಿಕೊಳ್ಳುತ್ತಾರೆ. ಗಂಟುಗಳು ಒಂದೊಂದಾಗಿ ಗಟ್ಟಿಯಾಗುತ್ತಿವೆ. ನೋವಿಗೆ ಮಾತ್ರೆ ಇದೆ, ಬಿಗಿತಕ್ಕಿಲ್ಲ ಎಂದು ಜಿಪಿ, ಅಂದರೆ ಇಲ್ಲಿಯ ಫ್ಯಾಮಿಲಿ ಡಾಕ್ಟರು, ಕೈಚೆಲ್ಲಿದ್ದಾರೆ. ಎಡಗೈ ಈಗಲೇ ಹೇಳಿದ ಮಾತು ಕೇಳುವುದಿಲ್ಲ. "ಇವು ಪೂರ್ತಿ ನಿಲ್ಲೋದಕ್ಕೆ ಮುಂಚೆ, ಆ ಸಂಗೀತಕ್ಕೆ ಯಾರಾದರೂ ಮೆಟ್ಟಿಲು ಹತ್ತೋದನ್ನ ಒಂದು ಸಲ ನೋಡಬೇಕು, ಮಸ್ಯೂ. ಪೂರ್ತಿ. ಕೆಳಗಿಂದ ಮೇಲಿನ ತನಕ."

ಇಷ್ಟೇ ಅವರ ಆಸೆ. ಮೆಟ್ಟಿಲು ಹತ್ತುವುದು ತಾನೇ, ಯಾರು ಬೇಕಾದರೂ ಹತ್ತಬಹುದು ಎಂದುಕೊಂಡೆ. ಎಷ್ಟು ತಪ್ಪು ತಿಳಿದಿದ್ದೆ!

೫. ನಾವೆಲ್ಲ ಹತ್ತಿ ನೋಡಿದ್ದು

ಮೇಷ್ಟ್ರ ಮನೆಯಲ್ಲಿ ಪಿಯಾನೊ ಇರುವುದು ಮೆಟ್ಟಿಲಿನ ಬುಡದಲ್ಲೇ. ಮೊದಲು ಅವರ ಮಗಳು ಹತ್ತಿದರು. ಅವರು ಇಲ್ಲಿಯ ಶಾಲೆಗಳಲ್ಲಿ ಫ್ರೆಂಚ್ ಕಲಿಸಿ ನಿವೃತ್ತರಾದವರು. ಜೀವಮಾನವೆಲ್ಲ ಬೆಲ್ ಹೊಡೆದ ಮೇಲೆ ಮಹಡಿಯ ತರಗತಿಗೆ ಓಡಿ ಅಭ್ಯಾಸ. ಮೇಷ್ಟ್ರು ಪಿಯಾನೊ ಮೇಲೆ ಕೈಯಿಡುವಷ್ಟರಲ್ಲಿ ಮೇಲಿದ್ದರು.

ನಾನು ಹತ್ತಿದೆ. ಯಾರಾದರೂ ನೋಡುತ್ತಿದ್ದರೆ ನನಗೆ ನಡಿಗೆಯೇ ಮರೆತುಹೋಗುತ್ತದೆ. "ಗಂಡನನ್ನು ನೋಡಲು ಹೋಗುತ್ತಿರುವವಳ ಹಾಗಿಲ್ಲ. ಮೀಟರ್ ರೀಡಿಂಗ್ ತೆಗೆದುಕೊಳ್ಳಲು ಬಂದವರ ಹಾಗಿದೆ" ಎಂದರು ಮೇಷ್ಟ್ರು, ಬಹಳ ಮರ್ಯಾದೆಯಿಂದ.

ಹದಿನಾಲ್ಕು ವರ್ಷದ ನಮ್ಮ ಮಗಳು ಫೋನ್ ನೋಡಿಕೊಂಡೇ ಹತ್ತಿ ಮೇಲಿನಿಂದ ಇಂಗ್ಲಿಷಿನಲ್ಲಿ ಕೂಗಿದಳು, ತಾತ ಸ್ವಲ್ಪ ಬೇಗ ನುಡಿಸಬಾರದಾ ಎಂದು.

ಕೊನೆಗೆ ನನಗೊಂದು ಉಪಾಯ ಹೊಳೆಯಿತು. ಮೇಷ್ಟ್ರಿಗಾಗಿ ಅಲ್ಲಿ ಸ್ಟೇರ್‌ಲಿಫ್ಟ್ ಹಾಕಿಸಿದ್ದಾರೆ. ಅಂದರೆ ಮೆಟ್ಟಿಲ ಪಕ್ಕದ ಕಂಬಿಯ ಮೇಲೆ ತಾನೇ ಹತ್ತುವ ಕುರ್ಚಿ. ಅದರ ಮೇಲೆ ನಾನು ಗಂಭೀರವಾಗಿ ಕೂತು ಗುಂಡಿ ಒತ್ತಿದೆ. ಏನು ಹೇಳಲಿ! ವೇಗ ಸಂಗೀತಕ್ಕೆ ಅಚ್ಚು ಹೊಯ್ದಂತೆ ಕೂಡಿಬಂತು. ಕಡೆಯ ಸ್ವರಕ್ಕೆ ಸರಿಯಾಗಿ ಕುರ್ಚಿ ಮೇಲೆ ತಲುಪಿ ಟಕ್ಕೆಂದು ನಿಂತಿತು. ನಾನು ಗೆದ್ದವನ ಹಾಗೆ ಕೆಳಗೆ ನೋಡಿದೆ.

ಮೇಷ್ಟ್ರು ಕಿವಿ ಮುಚ್ಚಿಕೊಂಡಿದ್ದರು. "ಮೋಟರಿನ ಶ್ರುತಿ ಬೇರೆ, ಮಸ್ಯೂ. ಅವಳ ಗಂಡ ವಾಪಸ್ಸು ಯುದ್ಧಕ್ಕೇ ಹೋಗುತ್ತಾನೆ."

೬. ಊಟ ಆದ ಮೇಲೆ ಅಡುಗೆಭಟ್ಟರು

ಅಷ್ಟರಲ್ಲಿ ಉಡುಪಿಯ ಕಡೆಯಿಂದ ನಮ್ಮತ್ತೆ ಬಂದರು. ನಾನು ಮೈಸೂರಿನವನು, ಹೆಂಡತಿ ಕರಾವಳಿಯವಳು. ಅಮ್ಮ, ಮಗಳು ತುಳುವಿನಲ್ಲಿ ಮಾತಾಡಿಕೊಳ್ಳುತ್ತಾರೆ. ನನಗೆ ತಿಳಿಸಬೇಕಾದ್ದನ್ನು ಮಾತ್ರ ಕನ್ನಡದಲ್ಲಿ ಹೇಳುತ್ತಾರೆ. ಅತ್ತೆಗೆ ಎರಡೂ ಮಂಡಿ ನೋವು. ಅವರ ಅಣ್ಣ ಯಕ್ಷಗಾನದಲ್ಲಿ ಭಾಗವತರಾಗಿದ್ದವರು. ಹಾಗಾಗಿ ಚಿಕ್ಕಂದಿನಲ್ಲಿ ಇವರು ಬೆಳೆದದ್ದೇ ಚೌಕಿಯಲ್ಲಿ, ಅಂದರೆ ವೇಷ ಕಟ್ಟುವ ಜಾಗದಲ್ಲಿ.

ಮೇಷ್ಟ್ರನ್ನು ಚಹಾಕ್ಕೆ ಕರೆದಿದ್ದೆವು. ಸಿನಿಮಾದಲ್ಲಿ ಸಂಗೀತ ಮಾಡುತ್ತಿದ್ದರು ಎಂದು ಹೇಳಿದಾಗ ಅತ್ತೆ ಕೇಳಿದ ಮೊದಲ ಪ್ರಶ್ನೆ: "ಇವರು ಕೂತುಕೊಳ್ಳುತ್ತಿದ್ದದ್ದು ಎಲ್ಲಿ?"

ನಾನು ಇಂಗ್ಲಿಷಿಗೆ ಮಾಡಿ ಕೇಳಿದೆ. ಮೇಷ್ಟ್ರು, ಎಲ್ಲ ಮುಗಿದ ಮೇಲೆ ಕತ್ತಲ ಕೋಣೆಯಲ್ಲಿ ಎಂದರು.

ಅತ್ತೆ ಲೋಟ ಕೆಳಗಿಟ್ಟರು. "ಎಲ್ಲ ಮುಗಿದ ಮೇಲೆ ಹಾಡುವವರನ್ನು ಕರೆಯುವುದಾ? ಊಟ ಆದ ಮೇಲೆ ಅಡುಗೆಭಟ್ಟರನ್ನು ಕರೆದ ಹಾಗೆ ಆಯಿತಲ್ಲ! ಎಂತ ಜನ ಮಾರಾಯ್ರೆ!"

ಆಮೇಲೆ ಅವರೇ ಟೀಪಾಯಿಯನ್ನು ರಂಗಸ್ಥಳ ಮಾಡಿ, ಸಕ್ಕರೆ ಡಬ್ಬಿಯನ್ನು ಭಾಗವತರಾಗಿ ಹಿಂದೆ ನಟ್ಟನಡುವೆ ಕೂರಿಸಿ ವಿವರಿಸಿದರು. ಭಾಗವತರು ತಾಳ ಹಾಕಿ ಪದ ಎತ್ತಿದರೆ ವೇಷ ಕುಣಿಯಬೇಕು. ಅವರು ನಿಲ್ಲಿಸಿದರೆ ನಿಲ್ಲಬೇಕು. ಅವರು ಮುಗಿಸದೆ ಒಳಗೆ ಹೋಗುವ ಹಾಗಿಲ್ಲ. ನಾನು ಒಂದೊಂದನ್ನೇ ಅನುವಾದಿಸಿದೆ. ಮೇಷ್ಟ್ರು ಕುರ್ಚಿಯ ಅಂಚಿಗೆ ಬಂದಿದ್ದರು.

"ರಾಜನೂ ಕಾಯುತ್ತಾನೆಯೇ?"

"ಕಾಯದೆ ಎಲ್ಲಿಗೆ ಹೋಗುತ್ತಾನೆ?"

"ರಾಕ್ಷಸ?"

"ಅವನು ಕಿರುಚಿಕೊಂಡು ಕಾಯಬೇಕು."

"ಮತ್ತೆ ನಿರ್ದೇಶಕ?"

ಅತ್ತೆ ನನ್ನನ್ನು ಕೇಳಿದರು: "ಹಾಗೆಂದರೆ ಯಾರು?"

ಅನುವಾದ ಕೇಳಿ ಮೇಷ್ಟ್ರು ಸಕ್ಕರೆ ಡಬ್ಬಿಯನ್ನು ಎತ್ತಿ ಹಿಡಿದು ನೋಡಿದರು. ಆಮೇಲೆ ಮಗಳ ಕಡೆ ತಿರುಗಿ ಹೇಳಿದರು: "ನಾನು ಹುಟ್ಟುವಾಗ ಯಾರೋ ಅಡ್ರೆಸ್ಸು ತಪ್ಪು ಕೊಟ್ಟಿದ್ದಾರೆ."

೭. ಹೋಳಿಗೆಗೆ ಕಾದವರು

ಯುಗಾದಿಗೆ ನಮ್ಮ ಕನ್ನಡ ಕೂಟದ ಊಟ ಒಂದು ಹಳೆಯ ಹತ್ತಿ ಗಿರಣಿಯಲ್ಲಿತ್ತು. ಈಗ ಅದನ್ನು ಸಮಾರಂಭಗಳಿಗೆ ಬಾಡಿಗೆಗೆ ಕೊಡುತ್ತಾರೆ. ಮೇಷ್ಟ್ರನ್ನು ಮುಖ್ಯ ಅತಿಥಿಯಾಗಿ ಕರೆದಿದ್ದೆವು. ಊಟ ಮಹಡಿಯಲ್ಲಿ, ಲಿಫ್ಟ್ ಕೆಟ್ಟಿತ್ತು. ಮೇಷ್ಟ್ರನ್ನು ಕುರ್ಚಿಯಲ್ಲಿ ಎತ್ತಿಕೊಂಡು ಹೋಗಲು ನಾಲ್ಕು ಜನ ಗಟ್ಟಿಗರನ್ನು ಹುಡುಕಬೇಕಾಗಿತ್ತು. ಬಂದಿದ್ದವರೆಲ್ಲ ದಿನವಿಡೀ ಲ್ಯಾಪ್‌ಟಾಪ್ ಮುಂದೆ ಕೂರುವವರು, ಹಾಗಾಗಿ ಸ್ವಲ್ಪ ತಡವಾಯಿತು. ಅಲ್ಲಿಯವರೆಗೆ ಮೇಷ್ಟ್ರನ್ನು ಮೆಟ್ಟಿಲ ಬುಡದಲ್ಲಿ, ಯಾರೋ ಯಾವ ಕಾಲದಲ್ಲೋ ಬಿಟ್ಟುಹೋದ ಪಿಯಾನೊ ಮುಂದಿನ ಸ್ಟೂಲಿನ ಮೇಲೆ ಕೂರಿಸಿದೆವು. ಪಿಯಾನೊ ಮೇಲೆ ಪೇಪರ್ ಲೋಟದ ಕಟ್ಟುಗಳಿದ್ದವು.

ಅಗಲವಾದ ಕಲ್ಲಿನ ಮೆಟ್ಟಿಲು. ಎಲ್ಲರಿಗಿಂತ ಮೊದಲು ಹೊರಟರೆ ಎಲ್ಲರ ಜೊತೆ ತಲುಪಬಹುದು ಎಂದು ಅತ್ತೆ ಒಬ್ಬರೇ ಹತ್ತಲು ಶುರುಮಾಡಿದರು. ಬಲಗೈಯಲ್ಲಿ ಕಂಬಿ, ಎಡಗೈಯಲ್ಲಿ ಸೀರೆಯ ನೆರಿಗೆ. ಒಂದು ಕಾಲಿಟ್ಟು, ಇನ್ನೊಂದನ್ನು ಅದರ ಪಕ್ಕಕ್ಕೆ ತಂದು, ನಿಂತು, ಮೇಲೆ ನೋಡಿ, ಮತ್ತೊಂದು.

ಹಿಂದಿನಿಂದ ಪಿಯಾನೊ ಕೇಳಿಸಿತು. ತಿರುಗಿದರೆ ಮೇಷ್ಟ್ರು ಪೇಪರ್ ಲೋಟಗಳನ್ನು ಪಕ್ಕಕ್ಕೆ ತಳ್ಳಿ ನುಡಿಸುತ್ತಿದ್ದಾರೆ. ಕಣ್ಣು ಅತ್ತೆಯ ಮೇಲೆ.

ನನಗೆ ಅರ್ಥವಾಯಿತು. ಓಡಿಹೋಗಿ ಮೆಟ್ಟಿಲಿಗೆ ಅಡ್ಡ ಕೈ ಹಿಡಿದು ನಿಂತೆ. ನಾನು ಜೀವನದಲ್ಲಿ ಯಾರನ್ನೂ ತಡೆದವನಲ್ಲ. ಹಿಂದೆ ಇಡೀ ಕೂಟ, ಮೇಲಿನಿಂದ ಹೋಳಿಗೆಯ ವಾಸನೆ.

"ಏನ್ರೀ ಇದು? ಹಸಿವಾಗ್ತಿದೆ, ದಾರಿ ಬಿಡ್ರೀ!" ಎಂದರು ಅಧ್ಯಕ್ಷರು.

"ಸರ್, ಒಂದು ನಿಮಿಷ. ಇದು ಏನಂದ್ರೆ, ಯುದ್ಧದಿಂದ ಗಂಡ ವಾಪಸ್ ಬಂದಿದಾನೆ..."

"ಯಾರ ಗಂಡ?"

"ಅಂದ್ರೆ, ನಮ್ಮತ್ತೆ ಗಂಡ ಅಲ್ಲ ಸರ್, ಸಿನಿಮಾದಲ್ಲಿ..."

ಅರ್ಧ ದಾರಿಯಲ್ಲಿ ಆಪತ್ತು ಬಂತು. ಬರ್ಮಿಂಗ್‌ಹ್ಯಾಮಿನ ಹಾರ್ಬೋರ್ನ್‌ನಿಂದ ಬಂದಿದ್ದ ಡಾಕ್ಟರೊಬ್ಬರು ಮೇಲಿನಿಂದ ಇಳಿದುಬಂದು, "ಏನಮ್ಮಾ, ಮಂಡಿ ಹೇಗಿದೆ ಈಗ?" ಎಂದುಬಿಟ್ಟರು. ಡಾಕ್ಟರು ತಾವಾಗಿ ಕೇಳಿದರೆ ನಮ್ಮತ್ತೆ ಬಿಡುತ್ತಾರೆಯೇ? ಅಲ್ಲೇ ನಿಂತು ಬಲ ಮಂಡಿಯ ಸಮಾಚಾರ ಮುಗಿಸಿ ಎಡ ಮಂಡಿಗೆ ಬಂದರು. ಮುಗಿಯಿತು, ಸಂಗೀತ ಕೆಟ್ಟಿತು ಎಂದು ನಾನು ಕಣ್ಣು ಮುಚ್ಚಿದೆ. ಆದರೆ ಮೇಷ್ಟ್ರು ನಿಲ್ಲಿಸಲಿಲ್ಲ. ಅದೇ ಸಾಲನ್ನು ಮೆಲ್ಲಗೆ ತಿರುಗಿಸಿ ತಿರುಗಿಸಿ ನುಡಿಸುತ್ತಾ ಕಾದರು. ಅತ್ತೆ ಮಾತಾಡುತ್ತಲೇ, ತಮಗೇ ತಿಳಿಯದೆ, ಕಂಬಿಯ ಮೇಲೆ ಬೆರಳಿನಿಂದ ತಾಳ ಹಾಕುತ್ತಿದ್ದರು. ಎಡ ಮಂಡಿ ಮುಗಿಯಿತು. ಕಾಲೆತ್ತಿದರು. ಸಂಗೀತ ಮುಂದೆ ಹೋಯಿತು.

ನನಗೆ ಸಂಗೀತ ತಿಳಿಯದು. ಆದರೆ ಅಲ್ಲಿಂದ ಮೇಲೆ ಗಲಾಟೆ ತಾನಾಗಿಯೇ ನಿಂತಿತು. ಹಸಿದ ಕನ್ನಡಿಗರು ಊಟದ ಹೊತ್ತಿನಲ್ಲಿ ಸುಮ್ಮನೆ ನಿಂತದ್ದನ್ನು ನಾನು ಬೇರೆಲ್ಲೂ ನೋಡಿಲ್ಲ. ಮಂಡಿ ನೋವಿನ ಒಬ್ಬ ಹೆಂಗಸು ಮೆಟ್ಟಿಲು ಹತ್ತುತ್ತಿದ್ದರು, ಮೇಲೆ ಯಾರೋ ಅವರಿಗಾಗಿ ಕಾಯುತ್ತಿದ್ದಾರೆ ಎಂದು ನಮಗೆಲ್ಲ ಅನ್ನಿಸಿತು. ಅಧ್ಯಕ್ಷರು ಕನ್ನಡಕ ತೆಗೆದು ಒರೆಸಿಕೊಂಡರು.

ಕಡೆಯ ಮೆಟ್ಟಿಲು. ಅತ್ತೆ ಕಾಲಿಟ್ಟರು. ಪಿಯಾನೊ ನಿಂತುಹೋಯಿತು.

ಮೇಷ್ಟ್ರ ಎಡಗೈ ಬಿಗಿದುಕೊಂಡಿತ್ತು. ಅವರು ಬಲಗೈಯಿಂದ ಬೆರಳುಗಳನ್ನು ತಿಕ್ಕುತ್ತಿದ್ದರು. ಆ ಒಂದೇ ಸ್ವರ ಉಳಿದಿತ್ತು. ಟಿವಿಯಲ್ಲಿ ಬರುವ ಅದೇ ಸ್ವರ. ಮೇಲೆ ಊಟದ ಕೋಣೆಯ ಬಾಗಿಲು ತೆರೆದೇ ಇದೆ, ಅತ್ತೆ ಮಾತ್ರ ಹೊಸಿಲಿನ ಮುಂದೆ ನಿಂತಿದ್ದಾರೆ, ಅಲುಗಾಡುತ್ತಿಲ್ಲ.

"ಅಮ್ಮಾ, ಒಳಗೆ ಬನ್ನಿ! ಜಾಗ ಇದೆ!" ಎಂದು ಬಡಿಸುವವರು ಕರೆದರು.

ಅತ್ತೆ ಕೋಪದಿಂದ ತಿರುಗಿದರು. "ಭಾಗವತರು ಮುಗಿಸದೆ ವೇಷ ಒಳಗೆ ಹೋಗುವುದುಂಟಾ ಮಾರಾಯ್ರೆ? ಎಂತ ಸಂಪ್ರದಾಯ ನಿಮ್ಮದು!"

ಕೆಳಗೆ ಮೇಷ್ಟ್ರಿಗೆ ಮಾತು ತಿಳಿಯಲಿಲ್ಲ. ಆದರೆ ತಲೆಯೆತ್ತಿದಾಗ, ಮೇಲೆ ಒಬ್ಬಾಕೆ ತಮಗಾಗಿ ನಿಂತಿರುವುದು ಕಂಡಿತು. ಇಷ್ಟು ವರ್ಷದ ಸಿನಿಮಾ ಕೆಲಸದಲ್ಲಿ ಯಾವ ರಾಜನೂ ಯಾವ ರಾಕ್ಷಸನೂ ಅವರಿಗಾಗಿ ನಿಂತಿರಲಿಲ್ಲ. ಅವರು ಆತುರಪಡಲಿಲ್ಲ. ಬೆರಳು ಬಿಡಿಸಿಕೊಂಡರು, ಮತ್ತೆ ಕೈಯಿಟ್ಟರು, ಆ ಸ್ವರ ನುಡಿಸಿದರು. ಅತ್ತೆ ತಲೆಬಾಗಿ, ಬಲಗಾಲು ಮುಂದಿಟ್ಟು ಒಳಗೆ ಹೋಗಿ ಮೊದಲನೆಯ ಎಲೆಗೆ ಕೂತರು.

ಮೇಷ್ಟ್ರನ್ನು ಮೇಲೆ ಹೊತ್ತು ತಂದೆವು. ಅತ್ತೆಯ ಪಕ್ಕದಲ್ಲೇ ಕೂರಿಸಿದೆವು. ಮೇಷ್ಟ್ರು ಎಲೆ ಬಿಟ್ಟು ಅತ್ತೆಯ ಕಡೆ ತಿರುಗಿದರು. ಒಂದೇ ಪ್ರಶ್ನೆ ಕೇಳಿದರು: "ಮದಾಮ್, ಹೇಗಿತ್ತು?"

ಅತ್ತೆ ಹೋಳಿಗೆಗೆ ತುಪ್ಪ ಹಾಕಿಸಿಕೊಳ್ಳುತ್ತಾ ಯೋಚಿಸಿ ಹೇಳಿದರು: "ಎಲ್ಲ ಭಾರೀ ಚಂದ ಉಂಟು. ಆ ಕಟ್ಟಕಡೆಯದ್ದೊಂದು ಎಂತಕ್ಕೆ ಅಂತ ಮಾತ್ರ ಗೊತ್ತಾಗಲಿಲ್ಲ. ಅದೊಂದು ಬೇಡವಿತ್ತು."

ನನ್ನ ಕೈಯಲ್ಲಿದ್ದ ತುತ್ತು ಅಲ್ಲೇ ನಿಂತಿತು. ಇದನ್ನು ಹೇಗೆ ಅನುವಾದ ಮಾಡಲಿ? ಇಡೀ ಪ್ರಪಂಚ ಕೇಳಿದ್ದು ಅದೊಂದನ್ನೇ! "ಬಹಳ ಚೆನ್ನಾಗಿತ್ತಂತೆ" ಎಂದೆ. ಎದುರಿಗೆ ಕೂತಿದ್ದ ನನ್ನ ಹೆಂಡತಿ, ಸುಳ್ಳು ಸಹಿಸದವಳು, ಮಿಕ್ಕಿದ್ದನ್ನೂ ಇಂಗ್ಲಿಷಿನಲ್ಲಿ ಹೇಳಿಬಿಟ್ಟಳು.

ಮೇಷ್ಟ್ರು ಹೊಟ್ಟೆ ಹಿಡಿದುಕೊಂಡು ನಗತೊಡಗಿದರು. ಕಣ್ಣಲ್ಲಿ ನೀರು ಬಂದು, ಅವರ ಮಗಳು ಬೆನ್ನು ತಟ್ಟಬೇಕಾಯಿತು.

"ಸರಿಯಾಗಿ ಹೇಳಿದರು! ಆ ನಿರ್ದೇಶಕ ಬೇಡದ್ದೊಂದನ್ನು ಇಟ್ಟುಕೊಂಡು ಮಿಕ್ಕಿದ್ದೆಲ್ಲ ಎಸೆದುಬಿಟ್ಟ!"

ನಿಮಗಿಲ್ಲಿ ಒಂದು ಅನುಮಾನ ಬರಬಹುದು. ಸಂಗೀತ ಕಲಿಯದ ನಮ್ಮತ್ತೆ ಹೇಳಿದ್ದು ಹೇಗೆ ಸರಿ ಎಂದು. ಅದನ್ನು ಬಿಡಿಸಿ ಹೇಳಿಬಿಡುತ್ತೇನೆ. ಮೇಷ್ಟ್ರು ಮೊನ್ನೆ ನನಗೆ ತಿಳಿಸಿದ ಪ್ರಕಾರ, ಆ ಕಟ್ಟಕಡೆಯ ಸ್ವರ ಸಿನಿಮಾದ ಆ ಹೆಂಡತಿಗಾಗಿ ಬರೆದದ್ದಲ್ಲ, ಬಾಗಿಲಿಗಾಗಿ ಬರೆದದ್ದು. ಈಗ ಬಾಗಿಲು ಮೊದಲೇ ತೆರೆದಿದ್ದರೆ, ಅಂದರೆ ಒಳಗಿರುವವನು ತಾನೇ ಎದ್ದು ಬಂದು ತೆರೆದಿಟ್ಟಿದ್ದರೆ, ಆಗ ಅವಳು ಹತ್ತಿದ್ದಕ್ಕೆ ಬೇರೆಯೇ ಅರ್ಥ ಬರುತ್ತದೆ. ಹೇಗೆಂದರೆ, ಮೊದಲನೆಯದಾಗಿ...

ಇರಿ, ಗೋಡೆ ಬಡಿಯುತ್ತಿದ್ದಾರೆ. ಮೇಷ್ಟ್ರ ಕೋಲಿನ ಸದ್ದು. ಕೆಳಗಿನಿಂದ ಅತ್ತೆಯೂ ಕೂಗುತ್ತಿದ್ದಾರೆ: "ಎಲ್ಲಿದ್ದೀರಿ ಮಾರಾಯ್ರೆ? ಆ ಕಟ್ಟಕಡೆಯ ಸ್ವರವನ್ನು ತೆಗೆದುಬಿಟ್ಟರಂತೆ. ಗೋಡೆಯ ಆಚೆಯಿಂದ ನುಡಿಸುತ್ತಾರಂತೆ, ನಾನು ನಮ್ಮ ಮೆಟ್ಟಿಲು ಹತ್ತಬೇಕಂತೆ. ನೀವು ಮೇಲೆ ಬಾಗಿಲು ತೆರೆದು ನಿಲ್ಲಿ!"

ಬಂದೆ ಎಂದೆ. ಮೊದಲನೆಯದಾಗಿ, ಬಾಗಿಲು ಅನ್ನುವುದು